ಭದ್ರಮ್ಮ ಒರೆಸಿದ ಕೀಲೆಣ್ಣೆ

ಗಂಡ ಸತ್ತ ಹೆಂಗಸು ಅಳದಿದ್ದರೆ ಊರಿಗೆ ಊಟ ಸೇರುವುದಿಲ್ಲ. ನಮ್ಮ ಮನೆ ಓನರ್ ಭದ್ರಮ್ಮ ಅಳಲಿಲ್ಲ. ಹೆಣ ಅಂಗಳಕ್ಕೆ ಬಂದಾಗ ಅಳಲಿಲ್ಲ, ಮಣ್ಣು ಮಾಡಿ ಬಂದವರಿಗೆ ಕೈಕಾಲು ತೊಳೆಯಲು ನೀರು ಕೊಟ್ಟಾಗ ಅಳಲಿಲ್ಲ, ಬಳೆ ಒಡೆಸಿದಾಗಲೂ ಅಳಲಿಲ್ಲ. "ಅತ್ಬುಡಮ್ಮಿ, ಎದೆ ಅಗುರಾಯ್ತದೆ" ಎಂದು ಹೆಂಗಸರು ಒಬ್ಬರಾದ ಮೇಲೊಬ್ಬರು ಬಂದು ಹೇಳಿದರು. ಅಳುವೇನು ನಲ್ಲಿ ನೀರೇ, ತಿರುಗಿಸಿದ ಕೂಡಲೇ ಬರುವುದಕ್ಕೆ? ಅವರನ್ನೆಲ್ಲ ಎಬ್ಬಿಸಿ ಕಳಿಸುವಷ್ಟು ಸಿಟ್ಟು ಬಂದಿತ್ತು ನನಗೆ. ಬಾಡಿಗೆಗಿದ್ದವಳು, ಬಾಯಿ ಮುಚ್ಚಿಕೊಂಡೆ.

ನಮ್ಮ ಯಜಮಾನರಿಗೆ ಪೀಣ್ಯದ ಕಾರ್ಖಾನೆಯೊಂದರಲ್ಲಿ ಕೆಲಸ. ಎಂಬತ್ತರ ಸುಮಾರಿಗೆ ನಾವು ಮಾಕಳಿಗೆ ಬಂದು ಭದ್ರಮ್ಮನವರ ವಠಾರ ಸೇರಿದೆವು. ಅವರ ಹೊಲದ ಬಹುಪಾಲು ಆಗಲೇ ಕಾರ್ಖಾನೆಗಳ ಕಾಂಪೌಂಡಿನೊಳಗೆ ಹೋಗಿತ್ತು. ಉಳಿದ ಜಾಗದಲ್ಲಿ ಸಾಲಾಗಿ ಮನೆ ಕಟ್ಟಿಸಿ ನಮ್ಮಂಥವರಿಗೆ ಬಾಡಿಗೆಗೆ ಕೊಟ್ಟಿದ್ದರು. ಎತ್ತುಗಳನ್ನು ಮಾರಿ ಆಗಿತ್ತು. ಗಾಡಿ ಮಾತ್ರ ಹಿತ್ತಲಲ್ಲಿ ಮೂಕಿಮರ ನೆಲಕ್ಕೆ ಊರಿಕೊಂಡು ನಿಂತಿತ್ತು, ಕೋಳಿಗಳು ಅದರ ಕೆಳಗೆ ಮೊಟ್ಟೆ ಇಡುತ್ತಿದ್ದವು.

ಭದ್ರಮ್ಮನ ಗಂಡ ರಾಮಾಂಜಿನಪ್ಪ ಎತ್ತು ಹೋದ ಜಾಗಕ್ಕೆ ಒಂದು ಹಳೆಯ ಅಂಬಾಸಿಡರ್ ತಂದ. ಮದುವೆಗೆ, ಆಸ್ಪತ್ರೆಗೆ, ತಿರುಪತಿಗೆ ಬಾಡಿಗೆ ಹೊಡೆಯುತ್ತಿದ್ದ. ಒಳ್ಳೆಯ ಮನುಷ್ಯ, ಆದರೆ ಕಾರಿನ ವಿಷಯದಲ್ಲಿ ಯಾರನ್ನೂ ನಂಬುತ್ತಿರಲಿಲ್ಲ. ಬೇರೆಯವರು ಬಾನೆಟ್ ಎತ್ತಿದರೆ ಹೊಸ ಮದುವಣಗಿತ್ತಿಯ ಸೆರಗು ಎಳೆದಂತೆ ಆಡುತ್ತಿದ್ದ. ಏನೇ ಕೆಟ್ಟರೂ ಅಂಗಳದಲ್ಲೇ, ಅವನ ಕೈಯಲ್ಲೇ ರಿಪೇರಿ. ಕೆಲಸ ಚೆನ್ನಾಗಿಯೇ ಬರುತ್ತಿತ್ತು. ಇದನ್ನು ನಾನು ಒತ್ತಿ ಹೇಳುತ್ತೇನೆ, ಯಾಕೆಂದರೆ ಆಮೇಲೆ ಊರೆಲ್ಲ ಬೇರೆಯದೇ ಹೇಳಿತು.

ಮನೆಯಲ್ಲಿ ಮೂರನೆಯವರು ಅವನ ತಾಯಿ ಬೈರಮ್ಮ. ಅತ್ತೆ ಸೊಸೆಯ ಜಗಳ ಕೇಳುವ ಆಸೆಯಿಂದ ಗೋಡೆಗೆ ಕಿವಿ ಕೊಟ್ಟಿದ್ದ ನಮ್ಮ ವಠಾರದ ಹೆಂಗಸರಿಗೆ ಭಾರಿ ನಿರಾಸೆಯಾಗಿತ್ತು. ಭದ್ರಮ್ಮನಿಗೆ ಮಕ್ಕಳಾಗಲಿಲ್ಲ. ರಾಮಾಂಜಿನಪ್ಪನಿಗೆ ಇನ್ನೊಂದು ಮದುವೆ ಮಾಡಿ ಎಂದು ನೆಂಟರು ಹೆಣ್ಣಿನ ಜಾತಕ ಸಮೇತ ಬಂದಾಗ, ಬೈರಮ್ಮ ಪೊರಕೆ ಹಿಡಿದು ಬಾಗಿಲಿಗೆ ಅಡ್ಡ ನಿಂತಳಂತೆ. "ನನ್ ಸೊಸೆ ಕಣ್ಣಾಗೆ ನೀರು ಬಂದ್ರೆ ನಿಮ್ ಮನೆ ಆಳಾಗೋಯ್ತದೆ" ಎಂದಳಂತೆ. ಭದ್ರಮ್ಮ ಇದನ್ನು ನನಗೆ ಒಂದೇ ಸಲ ಹೇಳಿದ್ದು, ರಾಗಿ ಬೀಸುತ್ತಾ, ತಲೆ ಎತ್ತದೆ. ಅತ್ತೆಯ ಮೇಲೆ ಅವಳಿಗೆ ಪ್ರಾಣ.

ಆ ಭಾನುವಾರ ರಾಮಾಂಜಿನಪ್ಪ ಮುಂದಿನ ಬ್ರೇಕ್ ಲೈನರ್ ಬದಲಾಯಿಸಲು ಕೂತ. ಕಾರು ಕೆಲವು ದಿನಗಳಿಂದ ಬ್ರೇಕ್ ಒತ್ತಿದಾಗಲೆಲ್ಲ ಕಿರ್ರೆಂದು ಚೀರುತ್ತಿತ್ತು. ಲೈನರ್ ಸವೆದು ರಿವೆಟ್ಟು ಡ್ರಮ್ಮಿಗೆ ಉಜ್ಜುತ್ತಿದೆ ಎಂದು ಅವನು ನಮ್ಮ ಯಜಮಾನರಿಗೆ ವಿವರಿಸಿದ. ಕಲಾಸಿಪಾಳ್ಯದಿಂದ ಹೊಸ ಲೈನರ್ ಬಡಿದ ಬ್ರೇಕ್ ಶೂಗಳನ್ನು ತಂದಿದ್ದ. ಹಿಂದಿನ ಗಾಲಿಗಳಿಗೆ ಕಲ್ಲು ಕೊಟ್ಟು, ಮುಂದೆ ಜಾಕಿ ಎತ್ತಿ, ಎರಡೂ ಕಡೆ ಮರದ ದಿಮ್ಮಿ ಇಟ್ಟು ಗಾಲಿ ಬಿಚ್ಚಿದ. ಬಾಣಲೆಯಷ್ಟು ಅಗಲದ ಕಬ್ಬಿಣದ ಡ್ರಮ್ಮುಗಳು ಅಂಟಿಕೊಂಡಿದ್ದವು. ಸುತ್ತಲೂ ಮರದ ಕೊಡತಿಯಿಂದ ತಟ್ಟಿ ತಟ್ಟಿ ಎಳೆದ. ಒಳಗಿನ ಧೂಳನ್ನು ಒಣಬಟ್ಟೆಯಲ್ಲಿ ಒರೆಸಿ, ಎರಡು ಡ್ರಮ್ಮನ್ನೂ ಗೋಣಿಚೀಲದ ಮೇಲೆ ಅಂಗಾತ ಮಲಗಿಸಿದ. ಹಳೆಯ ಶೂ ತೆಗೆದು ಹೊಸದನ್ನು ಕೂರಿಸಿ, ಇಕ್ಕಳದಲ್ಲಿ ಸ್ಪ್ರಿಂಗ್ ಎಳೆದು ಸಿಕ್ಕಿಸುವಾಗ ಒಂದು ಸಲ ಬೆರಳು ಜಜ್ಜಿಕೊಂಡು ಸ್ಪ್ರಿಂಗಿನ ವಂಶವನ್ನೆಲ್ಲ ಬೈದ. ಬ್ರೇಕ್ ಎಂದರೆ ಲೈನರ್ ಡ್ರಮ್ಮಿನ ಒಳಗನ್ನು ಉಜ್ಜಿ ಹಿಡಿಯುವುದು, ಆ ಜಾಗ ಒಣಗಿರಬೇಕು, ಅದಕ್ಕೇ ಕೈಯನ್ನೂ ಒರೆಸಿಕೊಂಡು ಮುಟ್ಟುತ್ತೇನೆ ಎಂದ. ಅಷ್ಟರಲ್ಲಿ ಭದ್ರಮ್ಮ ಮುದ್ದೆಗೆ ಕರೆದಳು. ಊಟ ಮಾಡಿ ಬಂದವನು ಒರೆಸಿಟ್ಟಿದ್ದ ಡ್ರಮ್ಮುಗಳನ್ನು ಹಾಗೇ ಎತ್ತಿ ಹಾಕಿ, ಗಾಲಿ ಕೂರಿಸಿ, ಪೆಡಲ್ ಒತ್ತಿ ನೋಡಿದ. ಗಟ್ಟಿಯಾಗಿತ್ತು. ಚೀರುವುದೂ ನಿಂತಿತ್ತು.

ಮಾರನೆಯ ಬೆಳಿಗ್ಗೆ ನೆಲಮಂಗಲಕ್ಕೆ ಮದುವೆ ಬಾಡಿಗೆ. ಊರೊಳಗೆ ಮೆಲ್ಲಗೆ ಹೋದ, ತುಮಕೂರು ರಸ್ತೆ ಹತ್ತಿದ. ಮುಂದೆ ಯಾವುದೋ ಎಮ್ಮೆ ಅಡ್ಡ ಬಂತು. ಬ್ರೇಕ್ ಒತ್ತಿದ್ದೇ ಕಾರು ಬಲಕ್ಕೆ ಎಳೆದುಕೊಂಡು ಹೋಗಿ ಎದುರಿಗೆ ಬರುತ್ತಿದ್ದ ಲಾರಿಯ ಕೆಳಗೆ ಸೇರಿತು. ನೋಡಿದವರು ಹೇಳಿದ್ದು ಇಷ್ಟೇ. ಕಾರಿನಲ್ಲಿ ಬೇರೆ ಯಾರೂ ಇರಲಿಲ್ಲ.

ಆಮೇಲಿನ ಭದ್ರಮ್ಮನ ಬಗ್ಗೆ ಹೇಳಲು ನನ್ನ ಬಳಿ ಮಾತು ಕಡಿಮೆ. ಬೆಳಿಗ್ಗೆ ಏಳುತ್ತಿದ್ದಳು, ಅಂಗಳಕ್ಕೆ ನೀರು ಹಾಕುತ್ತಿದ್ದಳು, ಕಾರು ನಿಲ್ಲುತ್ತಿದ್ದ ಜಾಗದ ಸುತ್ತ ಬಳಸಿಕೊಂಡು ಗುಡಿಸುತ್ತಿದ್ದಳು. ಮಾತಾಡಿಸಿದರೆ ಮಾತಾಡುತ್ತಿದ್ದಳು. ಒಂದು ದಿನ ಸಾರಿಗೆ ಉಪ್ಪು ಹಾಕಿಲ್ಲ ಎಂದು ಬೈರಮ್ಮ ಹೇಳಿದಾಗ, ತಾನೂ ಅದನ್ನೇ ಉಂಡಿದ್ದೇನೆ, ಗೊತ್ತೇ ಆಗಲಿಲ್ಲ ಎಂದಳು. ಮುದುಕಿ ಗೋಡೆಗೆ ಒರಗಿ ಕೂತು ಮಗನ ಹೆಸರು ಹಿಡಿದು ಹಾಡಿಕೊಂಡು ಅಳುತ್ತಿದ್ದಳು. ಸೊಸೆ ಅವಳ ಮೂಗು ಒರೆಸಿ, ಮುದ್ದೆ ಮುರಿದು ಬಾಯಿಗಿಡುತ್ತಿದ್ದಳು.

ಪೊಲೀಸರು ಕಾರು ಬಿಟ್ಟುಕೊಟ್ಟ ಮೇಲೆ ಅದನ್ನು ರಸ್ತೆ ಬದಿಯ ಶ್ಯಾಮಣ್ಣನ ಗ್ಯಾರೇಜಿಗೆ ಎಳೆದು ತಂದು ಹಾಕಿದ್ದರು. ಗುಜರಿಗೆ ಹಾಕುವುದೋ ಏನು ಮಾಡುವುದೋ ಹೇಳಿ ಎಂದು ಶ್ಯಾಮಣ್ಣ ಕರೆ ಕಳಿಸಿದ. ಭದ್ರಮ್ಮ ನನ್ನನ್ನು ಜೊತೆಗೆ ಕರೆದಳು. ಮುಂಭಾಗ ಅಪ್ಪಚ್ಚಿಯಾಗಿತ್ತು, ಆ ಕಡೆ ನಾನು ನೋಡಲಿಲ್ಲ. ಶ್ಯಾಮಣ್ಣ ಎರಡೂ ಕಡೆಯ ಡ್ರಮ್ಮು ಬಿಚ್ಚಿಟ್ಟಿದ್ದ.

"ರಾಮಾಂಜಿ ಕೆಲ್ಸ ನಂಗೊತ್ತು ಕಣಕ್ಕ, ಅದ್ಕೇ ಅನುಮಾನ ಬಂದು ಬಿಚ್ದೆ. ಬಲಗಡೇದು ಸರಿಯಾಗೈತೆ. ಎಡಗಡೇದ್ರೊಳಗೆ ನೋಡಿ, ಎಣ್ಣೆ. ಒಂದ್ ಕಡೆ ಹಿಡ್ದು ಇನ್ನೊಂದ್ ಕಡೆ ಜಾರಿದ್ರೆ ಗಾಡಿ ಎಳ್ಕೊಂಡ್ ಹೋಗ್ದೆ ಇನ್ನೇನ್ ಮಾಡ್ತದೆ? ಇದು ಬ್ರೇಕ್ ಆಯಿಲ್ ಅಲ್ಲ, ಎಂಜಿನ್ ಆಯಿಲ್ಲೂ ಅಲ್ಲ. ಏನೋ ಕಪ್ಪಗಿದೆ, ಗೊತ್ತಾಗ್ತಿಲ್ಲ."

ಭದ್ರಮ್ಮ ಬಗ್ಗಿ ಬೆರಳಲ್ಲಿ ಮುಟ್ಟಿದಳು. ಮೂಗಿನ ಹತ್ತಿರ ತಂದಳು. ನನಗೂ ವಾಸನೆ ಬಂತು: ಹರಳೆಣ್ಣೆ, ಸುಟ್ಟ ಹುಲ್ಲಿನ ಮಸಿ. ಎತ್ತಿನ ಗಾಡಿಯ ಅಚ್ಚಿಗೆ ಹಾಕುವ ಕೀಲೆಣ್ಣೆ. ಬಿದಿರಿನ ಗೊಟ್ಟದಲ್ಲಿ ತುಂಬಿ ಗಾಡಿಗೆ ನೇತುಹಾಕುತ್ತಿದ್ದರು. ಎತ್ತು ಮಾರಿದ ಮೇಲೂ ಊರಲ್ಲಿ ಅದನ್ನು ಕಲೆಸಿಡುತ್ತಿದ್ದವಳು ಒಬ್ಬಳೇ, ಬೈರಮ್ಮ. ಬಾವಿಯ ರಾಟೆ ಕಿರುಗುಟ್ಟಿದರೂ ಬಾಗಿಲ ತಿರುಗಣಿ ಕಿರುಗುಟ್ಟಿದರೂ ಅವಳು ಗೊಟ್ಟ ಹಿಡಿದು ಬರುತ್ತಿದ್ದಳು. ಗಾಲಿ ಚೀರಿದರೆ ಎಣ್ಣೆ ಬೇಡುತ್ತಿದೆ ಎಂದೇ ಅವಳ ಜೀವಮಾನದ ತಿಳಿವಳಿಕೆ. ಮಗ ಒಳಗೆ ಮುದ್ದೆ ಉಣ್ಣುತ್ತಿದ್ದಾಗ, ಅಂಗಳದಲ್ಲಿ ಬಾಯಿ ತೆರೆದು ಮಲಗಿದ್ದ ಒಣ ಕಬ್ಬಿಣಕ್ಕೆ ಎಣ್ಣೆ ಸವರಿದ್ದಳು. ಇನ್ನೇನು ಆಗಿರಲು ಸಾಧ್ಯ?

ಭದ್ರಮ್ಮ ಅಲ್ಲೇ ಕುಕ್ಕರಗಾಲಲ್ಲಿ ಕೂತಳು. ಸೆರಗಿನ ತುದಿ ಹಿಡಿದು ಡ್ರಮ್ಮಿನ ಒಳಗನ್ನು ಒರೆಸತೊಡಗಿದಳು. ಪಾತ್ರೆ ತೊಳೆಯುವಾಗ ಒರೆಸುವ ಹಾಗೆ, ಅವಸರವಿಲ್ಲದೆ, ಸುತ್ತಲೂ. ಶ್ಯಾಮಣ್ಣ ನನ್ನ ಮುಖ ನೋಡಿದ.

"ಅಣ್ಣ, ಇದ್ನ ಯಾರ್ಗೂ ಏಳ್ಬ್ಯಾಡ" ಎಂದಳು. "ಕೇಳಿದ್ರೆ ಅವ್ರೇ ಲೈನರ್ ಸರಿಯಾಗಿ ಕೂರಿಸಿರ್ಲಿಲ್ಲ ಅನ್ನು."

"ಸತ್ತೋನ್ ಮೇಲೆ ಹಾಕೋದೇನಕ್ಕ?"

"ಸತ್ತೋರ್ಗೆ ಏನಾಯ್ತದೆ? ನಮ್ಮತ್ತೆ ಬದುಕೈತಲ್ಲಣ್ಣ."

ಮನೆಗೆ ಬಂದು ಹಿತ್ತಲ ಗೂಟಕ್ಕೆ ನೇತುಹಾಕಿದ್ದ ಗೊಟ್ಟವನ್ನು ತೆಗೆದು ಒಲೆಗಿಟ್ಟಳು. ಬೈರಮ್ಮ ಆಮೇಲೆ ಹುಡುಕಿದಾಗ, "ಇಲಿ ಕಡಿದಿತ್ತು, ಉರಿಗಾಕ್ದೆ" ಎಂದಳು. ತಾನೇ ಮಗನನ್ನು ಕೊಂದೆ ಎಂದು ಆ ಮುದುಕಿಗೆ ತಿಳಿಯಬಾರದು. ಭದ್ರಮ್ಮನಿಗೆ ಬದುಕಿನಲ್ಲಿ ಉಳಿದದ್ದು ಇದೊಂದೇ ಕೆಲಸ. ಹೊಲ ಕಾಯುವವರ ಹಾಗೆ ಹಗಲೆಲ್ಲ ಕಾಯುತ್ತಿದ್ದಳು. ಯಾರಾದರೂ ಅತ್ತೆಯ ಪಕ್ಕ ಕೂತು ಕಾರಿನ ಸುದ್ದಿ ಎತ್ತಿದರೆ ಕೈಗೆ ಕಾಫಿ ಲೋಟ ಕೊಟ್ಟು ಮಾತು ತಿರುಗಿಸುತ್ತಿದ್ದಳು. ಮುದುಕಿಯೂ ಎಣ್ಣೆಯ ವಿಷಯ ಎತ್ತಲಿಲ್ಲ. ಸಾರಿಗೆ ಒಗ್ಗರಣೆ ಹಾಕಿದ್ದನ್ನು ಯಾರು ನೆನಪಿಟ್ಟುಕೊಂಡು ಹೇಳುತ್ತಾರೆ? ಅವಳಿಗೆ ಅದು ಅಂಥದೇ ಕೆಲಸ.

ಊರಿನ ಬಾಯಿಗೆ ಮುಚ್ಚಳ ಎಲ್ಲಿ ತರುವುದು? ಅವನು ಜುಗ್ಗ, ಗ್ಯಾರೇಜಿಗೆ ಬಿಡಲು ಕೈ ಬರಲಿಲ್ಲ, ಬಾರದ ಕೆಲಸಕ್ಕೆ ಕೈ ಹಾಕಿ ಹೆಂಡತಿಯ ತಾಳಿ ಕಿತ್ತ ಎಂದು ಅರಳಿಕಟ್ಟೆಯಲ್ಲಿ ಮಾತಾಡಿದರು. ನಲ್ಲಿಯ ಹತ್ತಿರ ಭದ್ರಮ್ಮನಿಗೆ ಕೇಳುವಂತೆಯೇ ಮಾತಾಡಿದರು. ನಾನು ಒಂದು ಸಲ ತಡೆಯಲಾರದೆ ಬಾಯಿ ತೆರೆದೆ. ಅವಳು ನನ್ನ ಮೊಣಕೈ ಹಿಡಿದಳು, ಅಷ್ಟೇ. ಕೈ ತಣ್ಣಗಿತ್ತು. ಗಂಡನ ಕೆಲಸದ ಬಗ್ಗೆ ಅವಳಿಗೆ ಎಷ್ಟು ಹೆಮ್ಮೆಯಿತ್ತು ಎಂದು ನನಗೆ ಗೊತ್ತಿತ್ತು. ಅದನ್ನು ದಿನಾ ಬೀದಿಯಲ್ಲಿ ತುಳಿಸಿಕೊಂಡು ಕೊಡ ಹೊತ್ತು ಮನೆಗೆ ಬರುತ್ತಿದ್ದಳು. ನೋಯುವುದಿಲ್ಲವೇ ಎಂದು ಕೇಳಿದೆ.

"ಏನೂ ಗೊತ್ತಾಗಕ್ಕಿಲ್ಲ ಪಂಕಜಮ್ಮ" ಎಂದಳು. "ಕಾಲು ಜೋಮು ಇಡಿದಿರ್ತದಲ್ಲ, ಅಂಗೆ."

ವರ್ಷ ತುಂಬಿ ಎಡೆ ಇಡುವ ದಿನ ಬಂತು. ರಾಮಾಂಜಿನಪ್ಪನಿಗೆ ಇಷ್ಟವಾದದ್ದನ್ನೆಲ್ಲ ಮಾಡಿ, ಬಾಳೆಎಲೆಯಲ್ಲಿ ಬಡಿಸಿ, ಹೊಸ ಪಂಚೆ ಇಟ್ಟು ಪೂಜೆ ಮಾಡಿದರು. ನೆಂಟರು ಪಡಸಾಲೆಯಲ್ಲಿ ಊಟಕ್ಕೆ ಕೂತರು. ಅವರಲ್ಲಿ ಅವನ ಚಿಕ್ಕಪ್ಪನ ಮಗ ಆಂಜಿನಪ್ಪನೂ ಇದ್ದ. ಬಸ್ಸಿನ ಡ್ರೈವರ್. ಬಾಯಿ ಸ್ವಲ್ಪ ಉದ್ದ, ಮನಸ್ಸು ಕೆಟ್ಟದ್ದಲ್ಲ.

"ಎಷ್ಟ್ ಸಲ ಏಳಿದ್ದೆ ಅವನ್ಗೆ, ಬ್ರೇಕ್ ಕೆಲ್ಸ ಅಂದ್ರೆ ಮಕ್ಕಳಾಟ ಅಲ್ಲ ಕಣೋ, ಮೇಸ್ತ್ರಿ ಕೈಲಿ ಮಾಡ್ಸು ಅಂತ" ಎಂದು ಶುರುಮಾಡಿದ.

ಭದ್ರಮ್ಮ ಅನ್ನದ ಬುಟ್ಟಿ ಹಿಡಿದು ಸಾಲಿನ ಆ ತುದಿಯಲ್ಲಿದ್ದಳು. ಅವಳು ಬರುವಷ್ಟರಲ್ಲಿ ಮೂಲೆಯಲ್ಲಿದ್ದ ಬೈರಮ್ಮ ತಲೆ ಎತ್ತಿದಳು.

"ನನ್ ಮಗನ್ನ ಏನೂ ಅನ್ಬ್ಯಾಡ ಕಣ್ಲಾ. ಸರಿಯಾಗೇ ಮಾಡಿದ್ದ. ಎಣ್ಣೆ ಒಂದ್ ಮರೆತಿದ್ದ, ಅದ್ನೂ ನಾನೇ ಬುಟ್ಟಿದ್ದೆ."

ಆಂಜಿನಪ್ಪನ ಕೈ ಎಲೆಯ ಮೇಲೇ ನಿಂತಿತು. "ಎಲ್ಲಿಗೆ ಬುಟ್ಟೆ ದೊಡ್ಡಮ್ಮ?"

"ಬಿಚ್ಚಿ ಮಡಗಿದ್ನಲ್ಲ, ಬಾಣ್ಲಿ ತರ, ಅದ್ರೊಳಕ್ಕೆ. ಒಂದಕ್ಕೆ ಬುಟ್ಟೆ."

"ಅಯ್ಯೋ ದೊಡ್ಡಮ್ಮ, ಬ್ರೇಕಿಗೆ ಯಾರಾದ್ರೂ..."

"ಅದು ಬಲಗಡೇದು ಆಂಜಿನಪ್ಪ" ಎಂದಳು ಭದ್ರಮ್ಮ. ಬುಟ್ಟಿಯನ್ನು ನೆಲಕ್ಕಿಟ್ಟಿದ್ದಳು. ಧ್ವನಿ ಏರಲಿಲ್ಲ, ಇಳಿಯಲಿಲ್ಲ. "ಅತ್ತೆ ಎಣ್ಣೆ ಬುಟ್ಟಿದ್ದು ಬಲಗಡೆ ಗಾಲೀದು. ಅದು ಚೆನ್ನಾಗೇ ಇತ್ತು, ಶ್ಯಾಮಣ್ಣ ಬಿಚ್ಚಿ ನೋಡವ್ನೆ. ಕೈ ಕೊಟ್ಟಿದ್ದು ಎಡಗಡೇದು. ಅದು ನಿಮ್ಮಣ್ಣ ಒಬ್ರೇ ಮಾಡಿದ್ದು. ಅವ್ರಿಗೆ ಕೆಲ್ಸ ಬತ್ತಿರ್ಲಿಲ್ಲ."

ಆಂಜಿನಪ್ಪ ಅತ್ತಿಗೆಯ ಮುಖವನ್ನೇ ನೋಡಿದ. ಡ್ರೈವರ್ ಮನುಷ್ಯ, ಅವನಿಗೆ ಎಲ್ಲ ಅರ್ಥವಾಯಿತು. ತಲೆ ತಗ್ಗಿಸಿ ಅನ್ನ ಕಲೆಸುತ್ತಾ, "ಊಂ, ಎಣ್ಣೆ ಬಿದ್ದಿದ್ದು ಒಳ್ಳೇದೇ ಆಯ್ತು ಬುಡು ದೊಡ್ಡಮ್ಮ" ಎಂದ. ಅವನ ಮೇಲೆ ನನಗಿದ್ದ ಸಿಟ್ಟೆಲ್ಲ ಆ ಮಾತಿಗೆ ಇಳಿದುಹೋಯಿತು. ಭದ್ರಮ್ಮ ಮತ್ತೆ ಬುಟ್ಟಿಗೆ ಕೈ ಹಾಕಿದಳು. ಗೆದ್ದಳು ಎಂದೇ ನಾನು ಅಂದುಕೊಂಡೆ.

ಬೈರಮ್ಮ ಏನನ್ನೋ ಯೋಚಿಸುತ್ತಿದ್ದಳು. ತುಟಿ ಅಲುಗುತ್ತಿತ್ತು.

"ಎಡಗಡೇದ್ಕೆ ಎಣ್ಣೆ ಇರ್ಲಿಲ್ವಾ ಅಂಗಾದ್ರೆ?" ಎಂದಳು. "ಎರಡಕ್ಕೂ ಬುಡಾನ ಅಂತಾನೇ ಓದೆ ಕಣಮ್ಮಿ. ಒಂದಕ್ಕೆ ಬುಡಾದ್ರೊಳಗೆ ಗೊಟ್ಟ ಬರಿದಾಯ್ತು. ಒಳಗೆ ಮಡಕೇಲಿ ಹರಳೆಣ್ಣೆ ಇತ್ತು. ಸೊಂಟ ಇಡ್ಕಂಡಿತ್ತು, ಎದ್ದು ಓಗಾಕೆ ಬ್ಯಾಸರ ಆಗಿ ಬುಟ್ಬುಟ್ಟೆ. ನಾಕ್ ಎಜ್ಜೆ ಓಗಿ ತಂದು ಅದ್ಕೂ ಬುಟ್ಟಿದ್ರೆ ನನ್ ಮಗ ಉಳೀತಿದ್ನಲ್ಲವ್ವಾ! ನಾನೇ ಕೊಂದ್ಬುಟ್ನಲ್ಲವ್ವಾ!"

ಎರಡೂ ಕೈಯಿಂದ ಎದೆ ಎದೆ ಬಡಿದುಕೊಂಡಳು. ಭದ್ರಮ್ಮ ಓಡಿಹೋಗಿ ಆ ಕೈಗಳನ್ನು ಹಿಡಿದಳು. ಏನೋ ಹೇಳಲು ಬಾಯಿ ತೆರೆದಳು. ಹೇಳಬಹುದಾದದ್ದು ಒಂದೇ ಇತ್ತು, ಬ್ರೇಕಿಗೆ ಎಣ್ಣೆ ಬೇಕೇ ಇಲ್ಲ ಎಂದು, ಅದನ್ನು ಹೇಳುವ ಹಾಗಿರಲಿಲ್ಲ. ಬಾಯಿಂದ ಮಾತಿನ ಬದಲು ಅಳು ಬಂತು. ವರ್ಷದಿಂದ ಊರು ಕಾದಿದ್ದ ಅಳು, ಅಂಥ ದನಿ ಆ ಹೆಂಗಸಿನೊಳಗೆ ಇತ್ತೆಂದು ಯಾರಿಗೂ ಗೊತ್ತಿರಲಿಲ್ಲ. ಅತ್ತೆಯ ಮಡಿಲಿಗೆ ತಲೆ ಹಾಕಿ ಮೈಯೆಲ್ಲ ಅದುರುವಂತೆ ಅತ್ತಳು.

ಮುದುಕಿ ತನ್ನ ಅಳು ನಿಲ್ಲಿಸಿ ಸೊಸೆಯ ತಲೆ ನೇವರಿಸಿದಳು. "ಅಳಬ್ಯಾಡ ಕಣವ್ವಾ. ತಪ್ಪೆಲ್ಲ ನಂದು. ಅವನ್ಗೆ ಕೆಲ್ಸ ಬತ್ತಿತ್ತು ಕಣಮ್ಮಿ, ಇನ್ಮ್ಯಾಕೆ ಅವನ್ನ ಅಂಗನ್ಬ್ಯಾಡ."

"ಇಲ್ಲ ಅತ್ತೆ" ಎಂದಳು ಭದ್ರಮ್ಮ. "ಅನ್ನಕ್ಕಿಲ್ಲ."