ಸರ್ ಬರೆದ ಸಾಫ್ಟ್‌ವೇರ್‌ನಲ್ಲಿ ನಮ್ಮೂರು

ಕೇಳ್ರಪ್ಪಾ, ನಮ್ಮ ಆದೋನಿ ಕಾಲೇಜಿನ ವಿಭಾಗದ ಮುಖ್ಯಸ್ಥರು ಒಂದು ಕಾಲಕ್ಕೆ ನನಗೆ ಪಾಠ ಹೇಳಿದವರು. ತಾವೇ ಬರೆದದ್ದೆಂದು ಕೊಚ್ಚಿಕೊಳ್ಳುವ ಹಾಜರಿ ಸಾಫ್ಟ್‌ವೇರನ್ನು, ಹಳೆಯ ಕಂಪ್ಯೂಟರ್ ಸುಟ್ಟುಹೋಯಿತೆಂದು ಇವತ್ತು ಹೊಸದಕ್ಕೆ ಹಾಕಿದರು. ಓಡಲಿಲ್ಲ. ಲ್ಯಾಬ್ ನೋಡಿಕೊಳ್ಳುವ ನನ್ನನ್ನು ಕರೆದರು.

"ಅದೇನೋ ಲೈಬ್ರರಿ ಸಿಗವಲ್ದು ಅಂತೈತಮ್ಮಾ, ಕೊಂಚೆಂ ನೋಡು."

ನೋಡಿದೆ. ಆ ಲೈಬ್ರರಿ ಫೈಲಿಗಾಗಿ ಅದು ಹುಡುಕುತ್ತಿದ್ದ ಫೋಲ್ಡರಿನ ಹೆಸರು 'ಗೋನೆಗಂಡ್ಲ ಸುಜಾತ'. ನಾನು ಓದುವಾಗ ನಮ್ಮ ಕ್ಲಾಸಿನಲ್ಲಿ ಮೂರು ಜನ ಸುಜಾತ ಇದ್ದೆವು. ಅದಕ್ಕೇ ನನ್ನ ಪ್ರಾಜೆಕ್ಟಿಗೆ ಊರಿನ ಹೆಸರು ಸೇರಿಸಿದ್ದೆ.

"ಸರ್, ಇದು ನನ್ನ ಫೋಲ್ಡರ್ ರೀ."

"ಗೋನೆಗಂಡ್ಲದಾಗ ಸುಜಾತ ಅಂದ್ರ ನೀನೊಬ್ಬಾಕಿನೇ ಏನು?"

ಆ ಪ್ರಾಜೆಕ್ಟಿನ ವೈವಾದಲ್ಲಿ ಇದೇ ಸರ್ ಎಲ್ಲರೆದುರು "ಇದನ್ನ ನೀನೇ ಬರದೀಯೇನು?" ಎಂದು ಕೇಳಿ ಮಾರ್ಕ್ಸ್ ಕತ್ತರಿಸಿದ್ದರು.

"ಇದನ್ನ ನೀವೇ ಬರದೀರೇನ್ರಿ ಸರ್?" ಎಂದೆ. ಸರ್ ಫ್ಯಾನ್ ನೋಡತೊಡಗಿದರು.

ಆ ಲೈಬ್ರರಿ ಈಗ ಉಳಿದಿರುವುದು ನನ್ನ ಹಳೆಯ ಪೆನ್‌ಡ್ರೈವ್‌ನಲ್ಲಿ ಮಾತ್ರ. ಪೆನ್‌ಡ್ರೈವ್ ಊರಲ್ಲಿದೆ. ಗೋನೆಗಂಡ್ಲದ ಉಳಿದ ಸುಜಾತರನ್ನೆಲ್ಲ ಸರ್ ಒಮ್ಮೆ ವಿಚಾರಿಸಿ ಮುಗಿಸಲಿ, ಆಮೇಲೆ ತರುತ್ತೇನೆ.