ಮಗಳ ಉಡಿಗೆ ಹಾಕಿದ ಕೋಣೆ

ದೇವೀಂದ್ರಪ್ಪನ ದಾನಪತ್ರ ಬರೆದವನು ನಾನೇ. ಸೇಡಂ ನೋಂದಣಿ ಕಚೇರಿಯ ಎದುರು ಇಪ್ಪತ್ತೆರಡು ವರ್ಷದಿಂದ ಪತ್ರ ಬರೆಯುತ್ತಿದ್ದೇನೆ. ನನ್ನ ಕೈಗುಣ ಇಷ್ಟು ಕೆಟ್ಟದ್ದೆಂದು ಗೊತ್ತಿರಲಿಲ್ಲ.

ದೇವೀಂದ್ರಪ್ಪ ಫರ್ಸಿ ಹಾಕುವವನು. ಶಹಾಬಾದಿನ ಕಲ್ಲು ತರಿಸಿ ಅರ್ಧ ಊರಿನ ಮನೆಗಳಿಗೆ ಮೊಣಕಾಲೂರಿ ನೆಲ ಹಾಸಿದ್ದಾನೆ. ಸ್ವಂತ ಮನೆ ಕಟ್ಟುವಷ್ಟರಲ್ಲಿ ಐವತ್ತು ದಾಟಿತ್ತು. ಆ ಮನೆಗೆ ಸಾಲ ಕೊಟ್ಟ ಸಂಘದವರು ಎರಡನೇ ಕರಾರೊಂದನ್ನು ತೋರಿಸಿ, ಹನ್ನೆರಡು ವರ್ಷದ ಸಾಲವನ್ನು ಏಳರಲ್ಲೇ ತೀರಿಸು ಎಂದರು. ಅಂಥ ಕರಾರಿಗೆ ತಾನು ಒಪ್ಪಿಯೇ ಇಲ್ಲವೆಂದು ಇವನು ಕಲಬುರಗಿಯ ಹೈಕೋರ್ಟಿಗೆ ಹೋದ. ಸಂಘದವರು ಮನೆ ಜಪ್ತಿ ಮಾಡದಂತೆ ಕೋರ್ಟು ತಡೆಯಿತು. ವ್ಯಾಜ್ಯ ಮುಗಿಯುವವರೆಗೆ ಮನೆಯನ್ನು ಯಾರಿಗೂ ಪರಭಾರೆ ಮಾಡುವುದಿಲ್ಲವೆಂದು ಇವನಿಂದ ಬರೆಸಿಕೊಂಡಿತು. ದಾನಪತ್ರ ಬರೆಸುವಾಗ ಅದನ್ನು ಇವನು ನನಗೆ ಹೇಳಲಿಲ್ಲ. ಮುಚ್ಚಿಟ್ಟದ್ದಲ್ಲ, ಹೇಳಬೇಕೆಂದು ಹೊಳೆಯಲೇ ಇಲ್ಲ.

ಮಗಳು ಶಿವಗಂಗಾಳನ್ನು ಸುಲೇಪೇಟದ ಅಣವೀರನ ಮಗನಿಗೆ ಕೊಟ್ಟರು. ಉಡಿ ತುಂಬುವಾಗ ಅಕ್ಕಿ, ಕೊಬ್ಬರಿಯ ಜೊತೆ ದೇವೀಂದ್ರಪ್ಪನ ಮನೆಯ ರಸ್ತೆ ಬದಿಯ ಕೋಣೆಯ ಕಾಗದವೂ ಇರಲಿ ಎಂದರು ಬೀಗರು. ಇವನು ಖುಷಿಯಿಂದಲೇ ಬಂದು ನನ್ನ ಮುಂದೆ ಕುಳಿತ. ಮಗಳ ಉಡಿಗೆ ಅಂದಮೇಲೆ ನಾನೂ ಏನೂ ಕೇಳಲಿಲ್ಲ. ಕೇಳುವುದೇ ನನ್ನ ಕಸುಬು, ಆದರೂ ಕೇಳಲಿಲ್ಲ.

ಸಂಘದವರ ಕಿವಿಗೆ ಬೀಳಲು ಎರಡು ತಿಂಗಳು ಸಾಕಾಯಿತು. ದೇವೀಂದ್ರಪ್ಪ ನ್ಯಾಯಾಂಗ ನಿಂದನೆಯ ನೋಟೀಸು ಹಿಡಿದು ನನ್ನ ಬಳಿ ಬಂದ.

“ಉಡ್ಯಾಗ ಹಾಕಿದ್ದು ಪರಭಾರೆ ಆಗ್ತದೇನ್ರಿ? ಮಗಳೇನು ಬ್ಯಾರೆದಾಕಿ ಏನು?”

ವಿಚಾರಣೆಯ ದಿನ ನಾನೂ ಅವನ ಜೊತೆ ಕಲಬುರಗಿಗೆ ಹೋದೆ.

ಕೋರ್ಟಿನಲ್ಲಿ ನ್ಯಾಯಾಧೀಶರು ರೇಗಿದ್ದರೆ ನನಗೆ ಇಷ್ಟು ಹೆದರಿಕೆ ಆಗುತ್ತಿರಲಿಲ್ಲ. ಮೆಲ್ಲಗೆ, ಒಂದೊಂದೇ ಮಾತು ಹೇಳಿದರು: ಬರುವ ಸೋಮವಾರದೊಳಗೆ ದಾನಪತ್ರ ರದ್ದಾಗಬೇಕು, ಇಲ್ಲವಾದರೆ ಜೈಲಿಗೆ ತಯಾರಾಗಿ ಬರಬೇಕು. ರದ್ದಿಗೆ ಶಿವಗಂಗಾಳ ಸಹಿ ಬೇಕು. ಅವತ್ತಿನಿಂದ ದೇವೀಂದ್ರಪ್ಪನ ಹೆಂಡತಿ ಭೀಮಮ್ಮ ಬಾಗಿಲ ಮುಂದೆ ಗಾಡಿ ನಿಂತರೆ ಸಾಕು, ಪೊಲೀಸರೇ ಬಂದರೆಂದು ಒಳಗೆ ಹೋಗಿಬಿಡುತ್ತಿದ್ದಳು.

ಗುರುವಾರ ನಾವಿಬ್ಬರೂ ಸುಲೇಪೇಟದ ಬಸ್ಸು ಹತ್ತಿದೆವು. ರದ್ದುಪತ್ರ ನನ್ನ ಚೀಲದಲ್ಲಿತ್ತು. ಅಣವೀರ ಕೂರಿಸಿ ಚಹಾ ಕೊಡಿಸಿದ, ಎಲ್ಲವನ್ನೂ ಸಮಾಧಾನದಿಂದ ಕೇಳಿದ. ಆಮೇಲೆ ದನಿ ಏರಿಸದೆ ಹೇಳಿದ:

“ಸಹಿ ಹಾಕಿಸ್ತೀನ್ರಿ ಬೀಗರೆ. ಹಾಕಿದ ಮ್ಯಾಲ ನಿಮ್ಮ ಮಗಳ್ನೂ ಸಂಗಾಟ ಕರ್ಕೊಂಡು ಹೋಗ್ರಿ.”

ಬಾಗಿಲ ಹಿಂದಿದ್ದ ಶಿವಗಂಗಾ ಹೊರಗೆ ಬಂದು ನನ್ನ ಮುಂದೆ ಕೈ ಚಾಚಿದಳು. “ಪೆನ್ ಕೊಡ್ರಿ ಕಾಕಾ.”

ನಾನು ಜೇಬಿಗೆ ಕೈ ಹಾಕಿದೆ. ದೇವೀಂದ್ರಪ್ಪ ನನ್ನ ಮಣಿಕಟ್ಟು ಹಿಡಿದ. ಕಲ್ಲು ಹೊತ್ತು ಬೆಳೆದ ಕೈ ಅದು, ಅಲುಗಾಡಿಸಲು ಆಗಲಿಲ್ಲ. ಯಾವ ಸಹಿಯೂ ಬೇಡ, ಸುಮ್ಮನೆ ನಿನ್ನ ನೋಡಿ ಹೋಗಲು ಬಂದೆವು ಎಂದು ಮಗಳಿಗೆ ಹೇಳಿ ಎದ್ದುಬಿಟ್ಟ. ಬಸ್ಸಿನಲ್ಲಿ ನಾನು ಅವನನ್ನು ಬೈದೆ, ನನ್ನನ್ನೂ ಬೈದುಕೊಂಡೆ.

ಮನೆಯಲ್ಲಿ ಭೀಮಮ್ಮ ಸಹಿ ಆಯಿತೇ ಎಂದು ಕೇಳಿದಳು. ಅವನು ಕಾಲು ತೊಳೆದುಕೊಂಡು, ಒರೆಸಿಕೊಂಡು, ಆಮೇಲೆ ಹೇಳಿದ:

“ಸೋಮವಾರಕ್ಕ ಎರಡು ಅಂಗಿ ತೊಳದಿಡು. ಸುಲೇಪೇಟಕ್ಕ ಮಾತ್ರ ಹೇಳಬ್ಯಾಡ.”