ಸ್ಕೂಟರಿನಲ್ಲಿ ಮೂವರು

ನಾನು ಕುಡಿತ ಬಿಟ್ಟ ಕಥೆಯನ್ನು ನಾನೇ ಸಾಕ್ಷ್ಯಚಿತ್ರ ಮಾಡುತ್ತಿದ್ದೆ. ಬೊಮ್ಮನಹಳ್ಳಿಯಲ್ಲಿ ಹಿಂದೆ ಬಾಡಿಗೆಗಿದ್ದ ಮನೆಯ ಮುಂದೆ ಗೆಳೆಯ ಕ್ಯಾಮೆರಾ ಹಿಡಿದು ನಿಂತಿದ್ದ. ಚಿಕಿತ್ಸಾ ಕೇಂದ್ರಕ್ಕೆ ಹೊರಟ ಬೆಳಿಗ್ಗೆಯನ್ನು ಮತ್ತೆ ನಟಿಸಿ ತೋರಿಸಬೇಕಿತ್ತು. ಬ್ಯಾಗು ಹೆಗಲಿಗೇರಿಸಿ ಬಸ್‌ಸ್ಟಾಪಿನ ಕಡೆ ನಡೆದೆ. ಯಾರ ಬಲವಂತವೂ ಇಲ್ಲದೆ ಒಬ್ಬನೇ ಹೋದೆ ಎಂಬುದೇ ಚಿತ್ರದ ಜೀವಾಳವಾಗಿತ್ತು.

ಮಹಡಿಯಿಂದ ಮನೆ ಓನರಮ್ಮ ಕೂಗಿದರು: “ಅಂಗಲ್ಲ ಕಣಪ್ಪಾ! ನೀನೆಲ್ಲಿ ನಡೆದೆ? ನಮ್ಮೆಜಮಾನ್ರು ಸ್ಕೂಟರ್ ಓಡಿಸ್ತಿದ್ರು, ನೀನು ಮಧ್ಯ. ಬಿದ್ದುಗಿದ್ದೀಯಾ ಅಂತ ನಾನು ಹಿಂದೆ ಕೂತು ಹಿಡ್ಕೊಂಡಿದ್ದೆ. ನನ್ನ ಸೀರೆ ಮೇಲೆ ಕಕ್ಕಿದ್ದೂ ಮರ್ತೋಯ್ತಾ?”

ಗೆಳೆಯ ನಕ್ಕ. ನನಗೆ ಬಸ್ಸಿನ ಕಿಟಕಿ ಚೆನ್ನಾಗಿ ನೆನಪಿತ್ತು. ಆದರೆ ಅದು ಗುಣವಾಗಿ ವಾಪಸ್ ಬಂದ ದಿನದ್ದೂ ಇರಬಹುದು. ಆಗಿನ ನನ್ನ ತಲೆಗಿಂತ ಅವರ ಸೀರೆಯನ್ನು ನಂಬುವುದೇ ವಾಸಿ ಅನ್ನಿಸಿತು. ಯಜಮಾನರನ್ನು ಕರೆದು ಸ್ಕೂಟರ್ ಹೊರಗೆ ತೆಗೆಸಿದೆವು.

“ಈಗ ಕುಡ್ದಿಲ್ಲ ಅಮ್ಮಾ, ಹಿಡ್ಕೊಳ್ಳೋದು ಬೇಡ,” ಅಂದೆ.

“ಸುಮ್ನೆ ಕೂತ್ಕೋ. ಅವತ್ತೂ ಇಂಗೇ ಅಂದಿದ್ದೆ,” ಎಂದು ಎರಡೂ ಕೈಯಲ್ಲಿ ಬಿಗಿಯಾಗಿ ಹಿಡಿದರು.

ಆಗಲೂ ನನಗೇನೂ ನೆನಪಾಗಲಿಲ್ಲ. ಆದರೂ ಒಬ್ಬನೇ ನಡೆದ ದೃಶ್ಯವನ್ನು ತೆಗೆದುಹಾಕಿ ಇದನ್ನೇ ಚಿತ್ರದಲ್ಲಿ ಇಟ್ಟೆ. ಅವತ್ತು ಅವರಿಬ್ಬರಿಗೂ ಥ್ಯಾಂಕ್ಸ್ ಹೇಳಿದ್ದೆನೋ ಇಲ್ಲವೋ ಗೊತ್ತಿರಲಿಲ್ಲ. ಈ ಸಲ ಸ್ಕೂಟರಿನಿಂದ ಇಳಿದ ಕೂಡಲೇ ಹೇಳಿದೆ.